ಬಲಬದಿಯ ರೈಲು: ಕಾಫು

ಫುಟ್‌ಬಾಲ್ ಆಡುವ ಮಕ್ಕಳನ್ನು ಕೇಳಿ ನೋಡಿ, ಎಲ್ಲರಿಗೂ ಮುಂದೆ ನಿಂತು ಗೋಲ್ ಹೊಡೀಬೇಕು. ಕೋಚ್ "ಇವತ್ತು ನೀನು ಡಿಫೆನ್ಸ್" ಅಂದ್ರೆ ಮುಖ ಸಪ್ಪಗಾಗುತ್ತೆ. ಅಂಥ ಮಕ್ಕಳಿಗೆ ಒಂದು ಪ್ರಶ್ನೆ: ಬ್ರೆಜಿಲ್ ಪುರುಷರ ತಂಡಕ್ಕೆ ಅತಿ ಹೆಚ್ಚು ಪಂದ್ಯ ಆಡಿದವರು ಯಾರು? ಪೆಲೆ ಅಲ್ಲ, ರೊನಾಲ್ಡೊ ಅಲ್ಲ, ನೇಮಾರ್ ಕೂಡ ಅಲ್ಲ. ಕಾಫು ಎಂಬ ಡಿಫೆಂಡರ್. 142 ಪಂದ್ಯ ಆಡಿ ಅವರು ಹೊಡೆದ ಗೋಲು ಬರೀ 5.

ನಿಜವಾದ ಹೆಸರು ಮಾರ್ಕೋಸ್ ಇವಾಂಜೆಲಿಸ್ಟಾ ಡಿ ಮೊರಾಯಿಸ್. ಹುಟ್ಟಿದ್ದು 1970ರ ಜೂನ್ 7ರಂದು. ಅದೇ ದಿನ ಮೆಕ್ಸಿಕೊದ ವಿಶ್ವಕಪ್‌ನಲ್ಲಿ ಬ್ರೆಜಿಲ್ 1-0ಯಿಂದ ಇಂಗ್ಲೆಂಡನ್ನು ಸೋಲಿಸಿತ್ತು. ಬೆಳೆದಿದ್ದು ಸಾವೊ ಪೌಲೊ ನಗರದ ಅಂಚಿನ ಜಾರ್ಡಿಮ್ ಇರೇನೆ ಎಂಬ ಬಡ ಬಡಾವಣೆಯಲ್ಲಿ. ಕಾಫುರಿಂಗಾ ಎಂಬ ಹಿಂದಿನ ಆಟಗಾರನ ಹಾಗೆ ಓಡುತ್ತಾನೆ ಅಂತ ಗೆಳೆಯರು ಕಾಫು ಎಂದು ಕರೆದರು. ಟ್ರಯಲ್ಸ್‌ಗೆ ಹೋದ ಕ್ಲಬ್ಬುಗಳೆಲ್ಲ ಒಂದಾದ ಮೇಲೊಂದು ಬೇಡ ಅಂದವು. ಅವುಗಳಲ್ಲಿ ಒಂದಾದ ಪಾಲ್ಮೇರಾಸ್ ಮುಂದೆ ತಾನೇ ಅವರನ್ನು ಕರೆಸಿಕೊಂಡಿತು!

ಕೊನೆಗೆ ಜಾಗ ಸಿಕ್ಕಿದ್ದು ಸಾವೊ ಪೌಲೊ ಕ್ಲಬ್‌ನಲ್ಲಿ. ಆಗ ಅವರು ಮಿಡ್‌ಫೀಲ್ಡರ್. ಕೋಚ್ ಟೆಲೆ ಸಂಟಾನಾ ಅವರನ್ನು ರೈಟ್ ಬ್ಯಾಕ್ ಸ್ಥಾನಕ್ಕೆ ಬದಲಿಸಿದರು. ಈ ಬದಲಾವಣೆ ಏಕೆ ಮುಖ್ಯ ಅಂತ ತಿಳಿಯಬೇಕಾದರೆ ಆ ಸ್ಥಾನದ ಕೆಲಸ ಗೊತ್ತಿರಬೇಕು.

ಹಿಂದಿನ ಸಾಲಿನ ನಾಲ್ವರಲ್ಲಿ ಎರಡು ತುದಿಗಳಲ್ಲಿ ನಿಲ್ಲುವವರೇ ಫುಲ್ ಬ್ಯಾಕ್. ಹಳೇ ಕಾಲದಲ್ಲಿ ಎದುರಾಳಿಯ ವಿಂಗರ್ ಅನ್ನು ತಡೆದರೆ ಅವರ ಕೆಲಸ ಮುಗಿಯಿತು. ಬ್ರೆಜಿಲ್‌ನವರು ಇದನ್ನು ಒಪ್ಪಲಿಲ್ಲ. 1958ರ ವಿಶ್ವಕಪ್‌ನಲ್ಲೇ ಲೆಫ್ಟ್ ಬ್ಯಾಕ್ ನಿಲ್ಟನ್ ಸ್ಯಾಂಟೋಸ್ ಹಿಂದಿನಿಂದ ಮುನ್ನುಗ್ಗಿ ಆಸ್ಟ್ರಿಯಾ ವಿರುದ್ಧ ಗೋಲು ಹೊಡೆದಿದ್ದರು. ಲೆಕ್ಕ ಸರಳ. ನಮ್ಮ ಮಿಡ್‌ಫೀಲ್ಡರ್ ಚೆಂಡಿನ ಜೊತೆ ಮೈದಾನದ ಮಧ್ಯಕ್ಕೆ ಸರಿದರೆ ಪಕ್ಕದ ಗೆರೆಯ ಹತ್ತಿರ ಜಾಗ ಖಾಲಿಯಾಗುತ್ತೆ. ಆ ಜಾಗಕ್ಕೆ ಫುಲ್ ಬ್ಯಾಕ್ ಓಡಿ ಬಂದರೆ ಎದುರಾಳಿ ಡಿಫೆಂಡರ್‌ಗೆ ಪೇಚಾಟ: ಒಬ್ಬ, ಇಬ್ಬರನ್ನು ಹೇಗೆ ಹಿಡಿಯೋದು? ಆದರೆ ಇದು ಪುಕ್ಕಟೆ ಅಲ್ಲ. ಚೆಂಡು ಕಳೆದುಹೋದರೆ ಫುಲ್ ಬ್ಯಾಕ್‌ನ ಬೆನ್ನ ಹಿಂದೆ ಅರ್ಧ ಮೈದಾನ ಬಯಲು. ಬಂದಷ್ಟೇ ವೇಗವಾಗಿ ವಾಪಸ್ ಓಡಬೇಕು. ತೊಂಬತ್ತು ನಿಮಿಷವೂ ಇದೇ ಕೆಲಸ.

ಇದರಲ್ಲಿ ಕಾಫುಗೆ ಸಾಟಿ ಕಡಿಮೆ. 1997ರಲ್ಲಿ ರೋಮಾ ಕ್ಲಬ್ ಸೇರಿದ ಅವರಿಗೆ ಇಟಲಿಯ ಜನ ಇಟ್ಟ ಹೆಸರು "ಪೆಂಡೊಲಿನೊ", ಅಂದರೆ ಅಲ್ಲಿನ ವೇಗದ ರೈಲು. 2001ರಲ್ಲಿ ರೋಮಾ 18 ವರ್ಷಗಳ ನಂತರ ಲೀಗ್ ಗೆದ್ದಿತು. ಆಮೇಲೆ ಎಸಿ ಮಿಲಾನ್. ಅಲ್ಲಿ ಗೆಲುವೂ ಕಂಡರು, 2005ರ ಇಸ್ತಾಂಬುಲ್ ಫೈನಲ್‌ನಲ್ಲಿ 3-0 ಮುಂದಿದ್ದು ಲಿವರ್‌ಪೂಲ್‌ಗೆ ಸೋತಿದ್ದನ್ನೂ ಕಂಡರು. ನಮ್ಮ ಸಾಫ್ಟ್‌ವೇರ್ ಕೆಲಸದಲ್ಲಿ ಸರ್ವರ್ ಕೆಟ್ಟಾಗ ಮಾತ್ರ ಫೋನ್ ಬರುತ್ತೆ, ಸರಿಯಾಗಿ ನಡೆದ ದಿನ ಯಾರೂ ಕೇಳಲ್ಲ. ಡಿಫೆಂಡರ್ ಪಾಡೂ ಹಾಗೇ.

ವಿಶ್ವಕಪ್ ಕಥೆಯಂತೂ ಬೇರೆಯೇ. 1994ರ ಫೈನಲ್‌ನಲ್ಲಿ ಅವರು ಬದಲಿ ಆಟಗಾರ. ಜೊರ್ಜಿನ್ಯೊ ಗಾಯಗೊಂಡಾಗ ಮೊದಲಾರ್ಧದಲ್ಲೇ ಇಳಿದರು, ಪೆನಾಲ್ಟಿಯಲ್ಲಿ ಬ್ರೆಜಿಲ್ ಗೆದ್ದಿತು. 1998ರ ಫೈನಲ್‌ನಲ್ಲಿ ಫ್ರಾನ್ಸ್ ಎದುರು 0-3 ಸೋಲು. 2002ರಲ್ಲಿ ನಾಯಕ ಎಮರ್ಸನ್ ಅಭ್ಯಾಸದ ವೇಳೆ ಗೋಲ್‌ಕೀಪರ್ ಆಗಿ ಆಡಲು ಹೋಗಿ ಭುಜಕ್ಕೆ ಪೆಟ್ಟು ಮಾಡಿಕೊಂಡರು. ನಾಯಕತ್ವ ಕಾಫುಗೆ ಬಂತು. ಕೋಚ್ ಸ್ಕೊಲಾರಿ ಹಿಂದೆ ಮೂವರು ಡಿಫೆಂಡರ್‌ಗಳನ್ನು ನಿಲ್ಲಿಸಿದ್ದರಿಂದ ಬಲಕ್ಕೆ ಕಾಫು, ಎಡಕ್ಕೆ ರೊಬೆರ್ಟೊ ಕಾರ್ಲೋಸ್ ಧೈರ್ಯವಾಗಿ ಮುಂದೆ ಓಡಬಹುದಿತ್ತು. ಯೊಕೊಹಾಮಾದಲ್ಲಿ ಜರ್ಮನಿ ವಿರುದ್ಧ ಎರಡೂ ಗೋಲು ರೊನಾಲ್ಡೊ ಹೊಡೆದರು. ಮೂರು ವಿಶ್ವಕಪ್ ಫೈನಲ್‌ಗಳಲ್ಲಿ ಮೈದಾನಕ್ಕಿಳಿದ ಆಟಗಾರ ಇವತ್ತಿಗೂ ಕಾಫು ಒಬ್ಬರೇ.

ಆ ರಾತ್ರಿ ಅವರು ಕಪ್ ಇಟ್ಟಿದ್ದ ಪೀಠದ ಮೇಲೆಯೇ ಹತ್ತಿ ನಿಂತು ಅದನ್ನು ಎತ್ತಿ ಹಿಡಿದರು. ಹೆಂಡತಿ ರೆಜಿನಾಳ ಹೆಸರು ಕೂಗಿ ಪ್ರೀತಿ ಹೇಳಿಕೊಂಡರು. ಆ ಫೋಟೊ ಸಿಕ್ಕರೆ ಅವರ ಹಳದಿ ಅಂಗಿಯನ್ನು ಗಮನಿಸಿ. ಎದೆಯ ಮೇಲೆ ಕೈಯಲ್ಲಿ ಬರೆದಿದೆ: "100% ಜಾರ್ಡಿಮ್ ಇರೇನೆ."