ಕರೆಯದೆ ಬರುವ ಜಾಹೀರಾತುಗಳಿಗೆ ಬಾಗಿಲು ಮುಚ್ಚುವ ಬಗೆ

ತ್ರಿಪ್ಲಿಕೇನಿನ ಮ್ಯಾನ್ಷನ್‌ಗಳಲ್ಲಿ ವಾಸಿಸುವ ನಮ್ಮ ಹೋಟೆಲ್ ಕೆಲಸಗಾರರಿಗೂ ಗುಮಾಸ್ತರಿಗೂ ರಾತ್ರಿ ಕೆಲಸ ತೀರಿದ ಮೇಲೆ ಊರಿನೊಡನೆ ಉಳಿಯುವ ನಂಟೆಂದರೆ ಕೈಯಲ್ಲಿರುವ ಮೊಬೈಲು. ಕುಂದಾಪುರದ ಮಳೆಯ ಸುದ್ದಿ ಓದೋಣವೆಂದು ಪುಟ ತೆರೆದರೆ, ಸುದ್ದಿಗೆ ಮುನ್ನ ಕ್ಷಣಾರ್ಧದ ಸಾಲ, ಬೊಜ್ಜು ಕರಗಿಸುವ ಪುಡಿ ಇವುಗಳ ಮೆರವಣಿಗೆ! ಅದನ್ನು ಮುಚ್ಚುವ ಗುರುತು ಸಾಸಿವೆಯಷ್ಟು. ಬೆರಳು ತಪ್ಪಿ ಜಾಹೀರಾತಿನ ಮೇಲೆಯೇ ಬೀಳುತ್ತದೆ. ದಿನಕ್ಕಿಷ್ಟೆಂದು ದುಡ್ಡು ತೆತ್ತು ಕೊಂಡ ಡೇಟಾದಲ್ಲಿ ಒಂದು ಪಾಲು ಕರೆಯದೆ ಬಂದ ಈ ಅತಿಥಿಗಳಿಗೆ ಖರ್ಚಾಗುತ್ತದೆ.

ಭಾರತಿ ಸಾಲೈಯ ಗೋಡೆಗಳ ಮೇಲೂ ಪೋಸ್ಟರುಗಳಿವೆ. ಅವು ನಮ್ಮನ್ನು ನೋಡವು. ವೆಬ್ ಪುಟದ ಜಾಹೀರಾತು ನಮ್ಮನ್ನು ನೋಡುತ್ತದೆ. ಪುಟವೊಂದನ್ನು ತೆರೆದೊಡನೆ ಬ್ರೌಸರು ಆ ತಾಣದಿಂದ ಮಾತ್ರವಲ್ಲದೆ ಹಲವು ಜಾಹೀರಾತು ಸಂಸ್ಥೆಗಳಿಂದಲೂ ಸಾಮಗ್ರಿ ತರಿಸುತ್ತದೆ. ಆ ಸಂಸ್ಥೆಗಳು 'ಕುಕಿ' ಎಂಬ ಚೀಟಿಯೊಂದನ್ನು ಇರಿಸಿಹೋಗಿ, ಮುಂದೆ ಬೇರೊಂದು ತಾಣದಲ್ಲಿಯೂ ಅದರಿಂದ ನಮ್ಮ ಗುರುತು ಹಿಡಿಯಬಲ್ಲವು. ಮಂಡಿನೋವಿನ ಮದ್ದನ್ನು ಒಮ್ಮೆ ಹುಡುಕಿದವನ ಬೆನ್ನಿಗೆ ವಾರಗಟ್ಟಲೆ ಎಣ್ಣೆಯ ಜಾಹೀರಾತು ಬೀಳುವುದು ಹೀಗೆ.

ಖಾಸಗಿತನವು ಸಿರಿವಂತರ ಚಿಂತೆಯೆಂದು ನಗುವವರುಂಟು. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು ಆಧಾರ್ ಯೋಜನೆಯನ್ನು ಪ್ರಶ್ನಿಸಿ 2012ರಲ್ಲಿ ಹೂಡಿದ ಮೊಕದ್ದಮೆಯಲ್ಲಿ, ಅದು ಮೂಲಭೂತ ಹಕ್ಕೆಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು 2017ರ ಆಗಸ್ಟ್ 24ರಂದು ಏಕಮತದಿಂದ ಸಾರಿದರು. ಒಂದೇ ಕೋಣೆಯಲ್ಲಿ ನಾಲ್ವರೊಡನೆ ಮಲಗುವವನಿಗೂ ಆ ಹಕ್ಕು ಸಲ್ಲತಕ್ಕದ್ದು.

ಇದಕ್ಕಿಂತ ಹತ್ತಿರದ ಅಪಾಯ ಸಂಬಳದ ಹಣಕ್ಕೆ. ಬ್ಯಾಂಕಿನ ಸಹಾಯವಾಣಿಯ ನಂಬರನ್ನು ಹುಡುಕಿದಾಗ ಎಲ್ಲಕ್ಕಿಂತ ಮೇಲೆ ಕಾಣುವುದು ವಂಚಕರು ದುಡ್ಡು ಕೊಟ್ಟು ಹಾಕಿಸಿದ ಜಾಹೀರಾತಾಗಿರಬಹುದು. ಅಮೆರಿಕದ ಎಫ್.ಬಿ.ಐ. ಸಂಸ್ಥೆಯೇ 2022ರ ಡಿಸೆಂಬರಿನಲ್ಲಿ ಇಂತಹ ಮೋಸದ ವಿಷಯದಲ್ಲಿ ಎಚ್ಚರಿಸಿ, ಜಾಹೀರಾತು ತಡೆಯುವ ಸಾಧನವನ್ನು ಬಳಸಿರೆಂದು ಜನರಿಗೆ ಸಲಹೆಯಿತ್ತಿತು. ಹಣ ಹೋದವರು ತಡಮಾಡದೆ 1930ಕ್ಕೆ ಕರೆ ಮಾಡತಕ್ಕದ್ದು.

ಆ ಸಾಧನಕ್ಕೆ ಆಡ್ ಬ್ಲಾಕರ್ ಎಂದು ಹೆಸರು. ಜಾಹೀರಾತು ಸಂಸ್ಥೆಗಳ ವಿಳಾಸಗಳ ಪಟ್ಟಿ ಹಿಡಿದು ಬಾಗಿಲಲ್ಲಿ ನಿಂತ ಕಾವಲುಗಾರನೆಂದು ತಿಳಿಯಿರಿ. ಪಟ್ಟಿಯಲ್ಲಿರುವವರಿಗೆ ಒಳಗೆ ಪ್ರವೇಶವಿಲ್ಲ. ರೇಮಂಡ್ ಹಿಲ್ ಎಂಬವರು 2014ರಲ್ಲಿ ಹೊರತಂದ ಯುಬ್ಲಾಕ್ ಒರಿಜಿನ್ ಇವುಗಳಲ್ಲಿ ಹೆಸರುವಾಸಿ. ಅದಕ್ಕೆ ಬೆಲೆಯಿಲ್ಲ, ಕರ್ತೃವು ದೇಣಿಗೆಯನ್ನೂ ಮುಟ್ಟುವುದಿಲ್ಲ. ಈ ಕಾಲದಲ್ಲಿ ಇದೊಂದು ಸೋಜಿಗ. ಆಂಡ್ರಾಯ್ಡ್ ಮೊಬೈಲಿನ ಕ್ರೋಮ್‌ನಲ್ಲಿ ಇದನ್ನು ಸೇರಿಸಲಾಗದು. ಫೈರ್‌ಫಾಕ್ಸ್ ಹಾಕಿಕೊಂಡು, ಮೂರು ಚುಕ್ಕೆಗಳನ್ನೊತ್ತಿ, ಎಕ್ಸ್‌ಟೆನ್ಶನ್ ವಿಭಾಗದಲ್ಲಿ ಈ ಹೆಸರನ್ನು ಆರಿಸಿದರೆ ಸಾಕು. ಅಕ್ಷರವನ್ನು ಸರಿಯಾಗಿ ನೋಡಿಕೊಳ್ಳಿರಿ: ನಾವು ತೆರೆಯುವ ಪುಟಗಳನ್ನೆಲ್ಲ ಕಾಣಬಲ್ಲ ಕಾವಲುಗಾರನ ಹೆಸರಿನಲ್ಲಿ ಕಳ್ಳನೇ ಒಳಸೇರಬಾರದಷ್ಟೆ. ಕಚೇರಿಯ ಕಂಪ್ಯೂಟರಾದರೆ ಮೇಲಧಿಕಾರಿಯನ್ನು ಕೇಳಿಯೇ ಹಾಕುವುದು ಲೇಸು. ಬೇರೆ ಆ್ಯಪ್‌ಗಳೊಳಗಿನ ಜಾಹೀರಾತಿಗೆ ಇದು ಮದ್ದಲ್ಲ.

ಪತ್ರಿಕೆಗಳೂ ಜಾಹೀರಾತಿನಿಂದಲೇ ಬದುಕುವವು, ನಾವೂ ಅದಕ್ಕೆ ಹೊರತಲ್ಲವೆಂಬುದನ್ನು ಮುಚ್ಚಿಡಲಾರೆವು. ಓದುಗನ ಬೆನ್ನುಹತ್ತದ, ಮರ್ಯಾದೆಯುಳ್ಳ ತಾಣವೆಂದು ತಮಗೆ ತೋರಿದ ಕಡೆ, ಬ್ಲಾಕರಿನ ಗುರುತನ್ನೊತ್ತಿ ಆ ತಾಣವೊಂದಕ್ಕೆ ಮಾತ್ರ ವಿನಾಯಿತಿ ಕೊಡಬಹುದು.