ಮನೆಸಾಲದ ನಿಜವಾದ ಬೆಲೆ
ಬಬಲೇಶ್ವರ ತಾಲ್ಲೂಕಿನ ಕಾಖಂಡಕಿಯಂತಹ ಊರಿನಲ್ಲಿ ಗ್ರಾಮ ಪಂಚಾಯಿತಿಯ ಇ-ಸ್ವತ್ತು ದಾಖಲೆಯಿರುವ ನಿವೇಶನವನ್ನು ಅಡವಿಟ್ಟು ಸಾಲ ಪಡೆಯುವ ಕುಟುಂಬವು ತಿಂಗಳ ಕಂತನ್ನು, ಅಂದರೆ ಇಎಂಐಯನ್ನು ಮಾತ್ರ ವಿಚಾರಿಸಿದರೆ ಮನೆಯ ನಿಜವಾದ ಬೆಲೆ ಅದಕ್ಕೆ ತಿಳಿಯುವುದಿಲ್ಲ. ಶೇ 8.5ರ ಬಡ್ಡಿಯಲ್ಲಿ 20 ಲಕ್ಷ ರೂಪಾಯಿಯನ್ನು 20 ವರ್ಷಕ್ಕೆ ಪಡೆದರೆ ಕಂತು ಸುಮಾರು 17,356 ರೂಪಾಯಿ; ಮೊದಲ ಕಂತಿನಲ್ಲಿ 14,167 ರೂಪಾಯಿ ಬಡ್ಡಿಗೇ ಹೋಗಿ, ಅಸಲಿಗೆ, ಅಂದರೆ ಪಡೆದ ಮೂಲ ಹಣಕ್ಕೆ, ಜಮೆಯಾಗುವುದು 3,189 ಮಾತ್ರ. ಒಟ್ಟು ಬಡ್ಡಿ 21.65 ಲಕ್ಷವಾಗಿ ಅಸಲನ್ನೇ ಮೀರುತ್ತದೆ. ಅವಧಿಯನ್ನು 30 ವರ್ಷಕ್ಕೆ ಹಿಗ್ಗಿಸಿದರೆ ಕಂತು ಎರಡು ಸಾವಿರದಷ್ಟು ಇಳಿಯುತ್ತದೆ, ಬಡ್ಡಿ ಮಾತ್ರ 35 ಲಕ್ಷ ದಾಟುತ್ತದೆ. ಇದು ಬಹಳ ದುಬಾರಿಯಾದ ಸಮಾಧಾನ.

ಬದಲಾಗುವ ಬಡ್ಡಿದರದ ಸಾಲಗಳಲ್ಲಿ ಇನ್ನೊಂದು ಅಪಾಯವಿದೆ. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಸಾಲ ಕೊಡುವ ದರವಾದ ರೆಪೊ 2022ರ ಮೇ ತಿಂಗಳಿನಿಂದ 2023ರ ಫೆಬ್ರುವರಿಯೊಳಗೆ ಶೇ 4ರಿಂದ 6.5ಕ್ಕೆ ಏರಿದಾಗ, ಅನೇಕರ ಕಂತು ಹಾಗೆಯೇ ಉಳಿದು ಅವಧಿ ವರ್ಷಗಟ್ಟಲೆ ಬೆಳೆಯಿತು. ಕಂತು ಹೆಚ್ಚಬೇಕೇ ಅವಧಿ ಬೆಳೆಯಬೇಕೇ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕೆಂದು ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಸೂಚಿಸಿತು.

ದ್ರಾಕ್ಷಿ, ತೊಗರಿಯ ಆದಾಯ ವರ್ಷಕ್ಕೊಮ್ಮೆ ಕೈಸೇರುವ ಈ ಸೀಮೆಯಲ್ಲಿ ಅವಧಿಗೆ ಮುಂಚಿನ ಪಾವತಿಯೇ ದೊಡ್ಡ ಆಸರೆ: ಮೇಲಿನ 20 ವರ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದು ಲಕ್ಷವನ್ನು ಹೆಚ್ಚುವರಿಯಾಗಿ ಕಟ್ಟಿದರೆ ಸುಮಾರು 26 ಕಂತುಗಳು ತಪ್ಪುತ್ತವೆ. ವ್ಯಕ್ತಿಗಳು ಪಡೆದ ಬದಲಾಗುವ ದರದ ಮನೆಸಾಲಕ್ಕೆ ಇಂತಹ ಪಾವತಿಯ ಮೇಲೆ ಬ್ಯಾಂಕು ದಂಡ ವಿಧಿಸುವಂತಿಲ್ಲ.