ಕಡಲಂಚಿನ ಮಠಗಳು

ಇಂಗ್ಲೆಂಡಿನ ಈಶಾನ್ಯ ಕರಾವಳಿಯಲ್ಲಿ ಲಿಂಡಿಸ್‌ಫಾರ್ನ್ ಎಂಬ ಕಿರುದ್ವೀಪವಿದೆ. ಕಡಲು ಉಬ್ಬಿದಾಗ ಅಲ್ಲಿಗೆ ಹೋಗುವ ದಾರಿ ಮುಳುಗುತ್ತದೆ. ಇಳಿದಾಗ ಮತ್ತೆ ತೆರೆಯುತ್ತದೆ. ಲೋಕದಿಂದ ದೂರವೂ ಜನರಿಗೆ ಹತ್ತಿರವೂ ಇರಬೇಕೆಂಬ ಯತಿಗಳಿಗೆ ಇದಕ್ಕಿಂತ ತಕ್ಕ ಎಡೆಯುಂಟೆ?

ಕ್ರಿ. ಶ. 635ರಲ್ಲಿ ನಾರ್ತಂಬ್ರಿಯದ ದೊರೆ ಆಸ್ವಾಲ್ಡನ ಕರೆಯಂತೆ ಐಯೋನಾ ಮಠದಿಂದ ಬಂದ ಸಂತ ಏಡನ್ ಇಲ್ಲಿ ನೆಲೆನಿಂತನು. ಅವನಿಗೆ ಆ ನಾಡಿನ ನುಡಿ ಚೆನ್ನಾಗಿ ಬಾರದು. ದೇಶಭ್ರಷ್ಟನಾಗಿದ್ದಾಗ ಐರಿಷ್ ಭಾಷೆಯನ್ನು ಕಲಿತಿದ್ದ ದೊರೆಯೇ ಅವನ ಉಪದೇಶಕ್ಕೆ ದುಭಾಷಿಯಾದನೆಂದು, 731ರಲ್ಲಿ ತನ್ನ ಇತಿಹಾಸಗ್ರಂಥವನ್ನು ಮುಗಿಸಿದ ಬೀಡ್ ಎಂಬ ಯತಿಯು ಹೇಳುತ್ತಾನೆ. ಅದೇ ಕರಾವಳಿಯ ವಿಟ್ಬಿಯಲ್ಲಿ, ಮಠಾಧಿಕಾರಿಣಿಯಾಗಿದ್ದ ಹಿಲ್ಡಾ ಎಂಬ ಸಾಧ್ವಿಯ ಆಶ್ರಯ ಪಡೆದ ದನಗಾಹಿ ಕ್ಯಾಡ್ಮನ್ನನು ದೇಶಭಾಷೆಯಲ್ಲಿ ಭಕ್ತಿಗೀತಗಳನ್ನು ಕಟ್ಟಿದನು.

793ರಲ್ಲಿ ವೈಕಿಂಗರು ಲಿಂಡಿಸ್‌ಫಾರ್ನನ್ನು ಸುಲಿದರು. 875ರಲ್ಲಿ ಯತಿಗಳು, 687ರಲ್ಲಿ ತೀರಿಕೊಂಡಿದ್ದ ಸಂತ ಕತ್‌ಬರ್ಟನ ಶರೀರವನ್ನು ಹೊತ್ತು ದ್ವೀಪವನ್ನು ತೊರೆದರು. ಎಂಟನೆಯ ಶತಮಾನದ ಆದಿಯಲ್ಲಿ ಅಲ್ಲಿ ಸಿದ್ಧವಾದ ಸುವಾರ್ತೆಗಳ ಚಿತ್ರಾಲಂಕೃತ ಲ್ಯಾಟಿನ್ ಪ್ರತಿಯೂ ನಾಶವಾಗದೆ ಉಳಿಯಿತು. ಈಗ ಅದು ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಹತ್ತನೆಯ ಶತಮಾನದಲ್ಲಿ ಆಲ್ಡ್ರೆಡ್ ಎಂಬ ಪಾದ್ರಿಯು ಅದರ ಸಾಲುಗಳ ನಡುವೆ ಪದಪದಕ್ಕೂ ಇಂಗ್ಲಿಷಿನಲ್ಲಿ ಅರ್ಥವನ್ನು ಬರೆದನು. ಉಳಿದು ಬಂದಿರುವ ಇಂಗ್ಲಿಷ್ ಸುವಾರ್ತೆಗಳಲ್ಲಿ ಅದೇ ಅತ್ಯಂತ ಪ್ರಾಚೀನವಾದುದು.

ಇಂದು ಲೋಕವನ್ನೇ ವ್ಯಾಪಿಸಿರುವ ಇಂಗ್ಲಿಷ್ ಹೀಗೆ ಒಂದು ಕಾಲಕ್ಕೆ ಲ್ಯಾಟಿನ್ನಿನ ಸಾಲುಗಳ ನಡುವೆ ಸಣ್ಣಕ್ಷರಗಳಲ್ಲಿ ಎಡೆ ಪಡೆದಿತ್ತು. ದೇಶಭಾಷೆಯಲ್ಲಿ ಉನ್ನತ ವಿದ್ಯೆ ನಿಲ್ಲುವುದೇ ಎಂದು ಶಂಕಿಸುವ ನಾವು ಆ ಪುಟವನ್ನು ನೆನೆಯುವುದೊಳ್ಳೆಯದು.